ಗಂಡನ ಹೆಸರಿನ ಗುಳಿಗೆ

ಸುವರ್ಣಾ ಮೂರನೇ ಮಹಡಿಯವಳು, ನಾನು ನೆಲಮಹಡಿಯವಳು. ಆಕೆ ಮೆಟ್ಟಿಲ ಮೇಲೆ ಮೊರ ಇಟ್ಟುಕೊಂಡು ಕಾಳು ಹಸನು ಮಾಡುವುದನ್ನು ನೋಡಿ, ಕೆಲಸಗಳ್ಳಿ ಎಂದು ಮೊದಲು ಅಂದವಳು ನಾನೇ. ಅದಕ್ಕೇ ಇದನ್ನು ಹೇಳುವಾಗ ಬೇರೆಯವರ ಮೇಲೆ ಬರುವಷ್ಟೇ ಸಿಟ್ಟು ನನ್ನ ಮೇಲೂ ಬರುತ್ತದೆ.

ನಮ್ಮದು ಹೈದರಾಬಾದಿನ ಒಂದು ಸರಕಾರಿ ಕಾರ್ಖಾನೆಯ ಕ್ವಾರ್ಟರ್ಸು. ನನ್ನ ಗಂಡ ಅಲ್ಲಿ ಗುಮಾಸ್ತ, ನಾನು ನಾರಾಯಣಗೂಡದ ಶಾಲೆಯೊಂದರಲ್ಲಿ ಟೀಚರು. ಸುವರ್ಣಾಳ ಗಂಡ ಸೂರ್ಯಕಾಂತ ಪಂಪುಗಳ ಫಿಟ್ಟರ್. ಮುದ್ದೇಬಿಹಾಳದ ಕಡೆಯಿಂದ ಮದುವೆಯಾಗಿ ಬಂದಾಗ ಆಕೆ ಬಲು ಗಟ್ಟಿಗಿತ್ತಿ. ದಿನ ಬಿಟ್ಟು ದಿನ ನಲ್ಲಿ ಬರುತ್ತಿದ್ದ ಕಾಲದಲ್ಲಿ ಎರಡೆರಡು ಕೊಡ ಹೊತ್ತು ಮೂರು ಮಹಡಿ ಹತ್ತುತ್ತಿದ್ದಳು. ಮೂವತ್ತೆಂಟು ತುಂಬುವ ಹೊತ್ತಿಗೆ ಒಂದು ಕೊಡಕ್ಕೇ ಎರಡು ಕಡೆ ಕೂರತೊಡಗಿದಳು. ಬರಿಗೈಯಲ್ಲಿ ಕೂತರೆ ಜನ ಏನಾದರೂ ಅಂದಾರೆಂದು ಆ ಮೊರ. ಜನ ಹೇಗೂ ಅಂದರು.

ಕಾರ್ಖಾನೆಯ ದವಾಖಾನೆಗೆ ಹೋಗಲಿಲ್ಲವೇ ಎಂದರೆ, ಹೋದಳು. ಅಲ್ಲಿಯ ಪದ್ಧತಿಯೇ ಬೇರೆ. ಮನೆಯವರಿಗೆಲ್ಲ ಒಂದೊಂದು ಪುಟವಿರುವ ಮೆಡಿಕಲ್ ಪುಸ್ತಕವನ್ನು ಏಳು ಗಂಟೆಗೆ ಸಾಲಿಗಿಟ್ಟು, ಹತ್ತರವರೆಗೆ ಬೆಂಚಿನ ಮೇಲೆ ಕಾಯಬೇಕು. ಮೂರು ತಾಸು ಕೂತರೆ ಎಂಥವರ ಉಸಿರೂ ಹಾದಿಗೆ ಬರುತ್ತದೆ. ಡಾಕ್ಟರು ಹೇಗಿದ್ದೀಯಮ್ಮ ಎಂದರೆ ಈಕೆ ಮರ್ಯಾದೆಗೆ ಮೊದಲು ಆರಾಮ ಎಂದೇ ಹೇಳುವಳು. ನಮ್ಮ ಕಡೆಯ ಹೆಂಗಸರ ಚಟ ಅದು. ಅವರು ತೋಳಿಗೆ ಪಟ್ಟಿ ಸುತ್ತಿ, ಬಿಪಿ ನಾರ್ಮಲ್ ಎಂದು ಬರೆದು ಕಳಿಸುವರು. ಒಮ್ಮೆ ರಕ್ತ ಕಡಿಮೆ ಎಂದರು, ಒಮ್ಮೆ ಅಸ್ತಮಾ, ಇನ್ನೊಮ್ಮೆ ಟೆನ್ಶನ್. ಹೀಗೆ ಎರಡು ವರ್ಷ ಹಾಳಾಯಿತು.

೨೦೦೫ರ ಶ್ರಾವಣದಲ್ಲಿ ಆಕೆ ಎರಡನೇ ಮಹಡಿಯಲ್ಲಿ ಪ್ರಜ್ಞೆ ತಪ್ಪಿ ಬಿದ್ದಳು. ತುಟಿ ನೀಲಿಯಾಗಿತ್ತು, ಪಾದಗಳು ಬಾತಿದ್ದವು. ಆಟೋದಲ್ಲಿ ಹಾಕಿಕೊಂಡು ಹೃದಯದ ದೊಡ್ಡ ಆಸ್ಪತ್ರೆಗೆ ಒಯ್ದೆವು. ಅಲ್ಲಿ ಎಕೋ ಮಾಡಿದ ಡಾಕ್ಟರು ಬಿಡಿಸಿ ಹೇಳಿದರು. ಹೃದಯದಿಂದ ಶ್ವಾಸಕೋಶಕ್ಕೆ ರಕ್ತ ಒಯ್ಯುವ ನಾಳಗಳು ಕಿರಿದಾಗಿವೆ, ಅಲ್ಲಿ ಒತ್ತಡ ವಿಪರೀತ ಏರಿದೆ, ಅದಕ್ಕೆ ಎದುರಾಗಿ ದಬ್ಬಿ ದಬ್ಬಿ ಹೃದಯದ ಬಲಭಾಗ ಹಿಗ್ಗಿ ದಣಿದಿದೆ. ತೋಳಿನ ಪಟ್ಟಿಗೆ ಈ ಒತ್ತಡ ಗೊತ್ತಾಗುವುದಿಲ್ಲ. ನನಗಿಂತ ಮೊದಲು ಸೂರ್ಯಕಾಂತನಿಗೆ ತಿಳಿಯಿತು. ಪೈಪು ಕಟ್ಟಿದರೆ ಮೋಟಾರು ಸುಡುವುದನ್ನು ಅವನು ದಿನವೂ ನೋಡುತ್ತಿದ್ದ.

ಮೋಟಾರು ತಿಳಿದವನಿಗೆ ಗುಳಿಗೆ ಮಾತ್ರ ತಿಳಿಯಲಿಲ್ಲ. ದಿನಕ್ಕೆ ಮೂರು, ಬದುಕಿರುವವರೆಗೂ ಎಂದು ಡಾಕ್ಟರು ಬರೆದುಕೊಟ್ಟಿದ್ದು, ಗಂಡಸರು ಗುಟ್ಟಾಗಿ ಕೊಳ್ಳುವ ಆ ಗುಳಿಗೆ. ಅದೇ ಶ್ವಾಸಕೋಶದ ನಾಳಗಳನ್ನೂ ಸಡಿಲಿಸುತ್ತದಂತೆ. ಸುಲ್ತಾನ್ ಬಜಾರಿನ ಔಷಧಿ ಅಂಗಡಿಯವನು ಚೀಟಿ ನೋಡಿ ಕಣ್ಣು ಹೊಡೆದದ್ದಕ್ಕೆ ಈ ಮಹಾರಾಯ ತಲೆ ತಗ್ಗಿಸಿಕೊಂಡು ಬರಿಗೈಯಲ್ಲಿ ವಾಪಸು ಬಂದ.

ಹೇಗೂ ಆಯುಷ್ಯಪೂರ್ತಿ ಹೊರಗೆ ಕೊಳ್ಳುವುದು ಫಿಟ್ಟರನ ಸಂಬಳಕ್ಕೆ ಆಗದ ಮಾತು, ಕಾರ್ಖಾನೆಯ ದವಾಖಾನೆಯೇ ಕೊಡಬೇಕು. ಅಲ್ಲಿಗೆ ಆಗಷ್ಟೇ ಕಂಪ್ಯೂಟರ್ ಬಂದಿತ್ತು. ಊರೆಲ್ಲ ಕಂಪ್ಯೂಟರ್ ಹುಚ್ಚು ಹಿಡಿದ ವರ್ಷಗಳು; ನಾರಾಯಣಗೂಡದ ಪ್ರತಿ ಕಂಬಕ್ಕೂ ಒಂದು ಕೋರ್ಸಿನ ಫಲಕ. ಔಷಧಿ ಕೌಂಟರಿನ ಉಪೇಂದ್ರ ನಾಲ್ಕು ಸಲ ಒತ್ತಿ ನೋಡಿದ. ಹೆಂಗಸಿನ ಹೆಸರಿಗೆ ಆ ಗುಳಿಗೆ ಬರಲೇ ಇಲ್ಲ. ದೊಡ್ಡ ಡಾಕ್ಟರ ಚೀಟಿ ತೋರಿಸಿದರೆ, ಚೀಟಿಯನ್ನು ಕಂಪ್ಯೂಟರಿಗೆ ತೋರಿಸಿ ಎಂದ. ಕೊನೆಗೆ ಅವನೇ ಉಪಾಯ ಹೇಳಿದ, ಗಂಡನ ಹೆಸರಿಗೆ ಬರೆಸಿದರೆ ಬರುತ್ತದೆ.

ಸೂರ್ಯಕಾಂತ ಒಪ್ಪಲಿಲ್ಲ. ಆ ಗುಳಿಗೆಯ ಹೆಸರು ತನ್ನ ಪುಟದಲ್ಲಿ ಬಿದ್ದರೆ ಸಂಜೆಯೊಳಗೆ ಕ್ಯಾಂಟೀನಿಗೆಲ್ಲ ಗೊತ್ತಾಗುತ್ತದೆ ಎಂದು ಅವನ ಭಯ. ಅರ್ಜಿ ಬರೆದ, ಯೂನಿಯನ್ನಿಗೆ ಅಲೆದ, ಮೆಟ್ಟಿಲಲ್ಲಿ ನನ್ನನ್ನು ಕಂಡರೆ ಮುಖ ತಪ್ಪಿಸಿದ. ಎರಡು ತಿಂಗಳು ಹಾಗೇ ಕಳೆದವು. ಬಾಯಿಗೆ ಬಂದಂತೆ ಬೈದು ನೋಡಿದೆ, ಕಲ್ಲಿನ ಹಾಗೆ ನಿಂತಿದ್ದ. ಒಂದು ಬೆಳಿಗ್ಗೆ ಸುವರ್ಣಾ ಅವನಿಗೆ ಬುತ್ತಿ ಕಟ್ಟುತ್ತಾ, ನಡುನಡುವೆ ನಿಂತು ದಮ್ಮು ತೆಗೆದುಕೊಂಡು ಕೇಳಿದಳು.

"ನಾಲ್ಕ ಮಂದಿ ನಗತಾರಂತ... ನಾ ಸಾಯಬೇಕೇನ್ರಿ?"

ಅವನು ಬುತ್ತಿಯನ್ನು ಅಲ್ಲೇ ಬಿಟ್ಟು ದವಾಖಾನೆಗೆ ಹೋಗಿ ತನ್ನ ಹೆಸರಿಗೆ ಬರೆಸಿದ. ಅವನು ಹೆದರಿದಂತೆಯೇ ಕ್ಯಾಂಟೀನಿನಲ್ಲಿ ಎಲ್ಲರೂ ಹಲ್ಲು ಕಿರಿದರು. ಇತ್ತ ಸುವರ್ಣಾಳ ಕಾಲಿನ ಬಾವು ಇಳಿಯಿತು, ಒಂದೇ ಕಡೆ ಕೂತು ಮೂರನೇ ಮಹಡಿ ಮುಟ್ಟುವಂತಾದಳು. ರೋಗ ಹೋಗಿರಲಿಲ್ಲ, ಹತೋಟಿಗೆ ಬಂದಿತ್ತು ಅಷ್ಟೇ.

ಆರು ತಿಂಗಳಿಗೆ ಮತ್ತೆ ಎಕೋ ಮಾಡಿಸಬೇಕಿತ್ತು. ಅದಕ್ಕೆ ದವಾಖಾನೆಯ ಪತ್ರ ಬೇಕು. ಅವರ ಜೊತೆ ನಾನೂ ಹೋದೆ. ಮೇಲಧಿಕಾರಿ ಕಂಪ್ಯೂಟರ್ ನೋಡಿ, ಇವರು ಆರು ತಿಂಗಳಿಂದ ಒಂದು ಗುಳಿಗೆಯನ್ನೂ ತೆಗೆದುಕೊಂಡಿಲ್ಲ, ವಾಸಿಯಾಗಿರಬೇಕು, ಪತ್ರ ಯಾಕೆ ಎಂದರು. ನನಗೆ ಮೈ ಉರಿದುಹೋಯಿತು. ನಾನು ಬಾಯಿ ತೆರೆಯುವ ಮೊದಲೇ ಸೂರ್ಯಕಾಂತ ಆ ಗುಳಿಗೆಯ ಹೆಸರನ್ನು ಜನ ತುಂಬಿದ ಹಜಾರದಲ್ಲಿ ಗಟ್ಟಿಯಾಗಿ ಹೇಳಿದ. ಬರೆಸಿದ್ದು ತನ್ನ ಹೆಸರಿಗೆ, ನುಂಗುತ್ತಿರುವವಳು ಇವಳು ಎಂದೂ ಹೇಳಿದ. ಬೆಂಚಿನ ಮೇಲಿದ್ದವರು ಯಾರೂ ನಗಲಿಲ್ಲ.

ಪತ್ರ ಸಿಗಲಿಲ್ಲ, ಮರುದಿನ ಸೂರ್ಯಕಾಂತನಿಗೆ ಮೆಮೊ ಬಂತು. ಸುಳ್ಳು ಹೆಸರಿಗೆ ಔಷಧಿ ಪಡೆದದ್ದೇಕೆ, ಇಷ್ಟಕ್ಕೂ ನಿಮಗಿರುವ ಕಾಯಿಲೆ ಯಾವುದು, ಮೂರು ದಿನದೊಳಗೆ ಉತ್ತರಿಸಿ. ವಿಚಾರಣೆ ಮುಗಿಯುವವರೆಗೆ ಗುಳಿಗೆಯೂ ಬಂದ್.

ಇಂಗ್ಲಿಷಿನಲ್ಲಿ ಉತ್ತರ ಬರೆದುಕೊಡಿ ಎಂದು ಅವನು ನನ್ನ ಮನೆಗೆ ಬಂದ. ಸಿಟ್ಟನ್ನೆಲ್ಲ ಸೇರಿಸಿ ಎರಡು ಪುಟ ಗೀಚಿದೆ. ಅವನು ಓದಿಸಿಕೊಂಡು, ಇಷ್ಟೆಲ್ಲ ಬೇಡ ಎಂದು ತಲೆಯಾಡಿಸಿದ.

"ನನಗ ಯಾವ ಬ್ಯಾನಿನೂ ಇಲ್ಲ ಅಂತ ಬರೀರಿ ಟೀಚರ್. ಗುಳಗಿ ನುಂಗಾಕತ್ತಿದ್ದು ನನ್ನ ಹೆಂಡತಿ. ಮನ್ಯಾಗ ಇನ್ನ ನಾಲ್ಕ ಉಳದಾವ. ನಾಳಿ ಸಂಜಿಗೆ ಮುಗೀತಾವ, ಅದನ್ನೂ ಬರೀರಿ."