ಬೈಂಡಿಂಗ್ ಅಕ್ಕ ಮತ್ತು ಮೂರು ನಂಬರಿನ ಪುಸ್ತಕ

ಅಂಟು ಒಣಗದೆ ಪುಟಗಳು ಒಂದಕ್ಕೊಂದು ಹಿಡಿದುಕೊಳ್ಳಬಹುದಿತ್ತು. ಜಿಲ್ಲಾ ಕಚೇರಿಯ ಅಧಿಕಾರಿ ಹೇಳಿದ ದಿನಕ್ಕಿಂತ ಮೊದಲೇ ತಪಾಸಣೆಗೆ ಬಂದುಬಿಡಬಹುದಿತ್ತು. ಬಂದವರು ನಾಲ್ಕು ಕಪಾಟು ಬಿಟ್ಟು ಸೀದಾ ಆ ಪುಸ್ತಕಕ್ಕೇ ಕೈಹಾಕಬಹುದಿತ್ತು. ಮೂರು ಪುಸ್ತಕ ಕೇಳಿದರೆ ಒಂದನ್ನು ತೋರಿಸುವ ಗ್ರಂಥಪಾಲಕನಿಗೆ ಮೆಮೋ ಕೊಡಬಹುದಿತ್ತು. ಮೆಮೋ ನನ್ನ ಕೈಗೆ ಬರುವ ಮೊದಲೇ ಅದರ ಒಕ್ಕಣೆ ಕಮ್ಮರಡಿ ಬಸ್‌ಸ್ಟ್ಯಾಂಡಿನವರಿಗೆಲ್ಲ ಬಾಯಿಪಾಠ ಆಗಬಹುದಿತ್ತು. ಇಷ್ಟಕ್ಕೆಲ್ಲ ಕಾರಣ ಒಂದು ಹೆಬ್ಬೆರಳು.

ಬೈಂಡಿಂಗ್ ಅಕ್ಕನ ಬಲಗೈ ಹೆಬ್ಬೆರಳು. ಅದರ ಉಗುರು ಅಗಲವಾಗಿ, ಹಳದಿಯಾಗಿ, ಕೊಂಬಿನ ಬಾಚಣಿಗೆಯ ಹಾಗೆ ನುಣುಪಾಗಿತ್ತು. ಹಾಳೆ ಮಡಿಸಿ ಆ ಉಗುರಿನಲ್ಲಿ ಒಮ್ಮೆ ಎಳೆದರೆ ಮುಗಿಯಿತು, ಮಡಿಕೆ ಮತ್ತೆ ಏಳುತ್ತಿರಲಿಲ್ಲ. ಎನ್.ಆರ್.ಪುರದ ಕಡೆಯವರು. ಕೊಪ್ಪದ ಪ್ರೆಸ್ಸೊಂದಕ್ಕೆ ಹಾಳೆ ಮಡಿಸಲು ಬಂದವರು, ಪ್ರೆಸ್ಸು ಮುಚ್ಚಿದ ಮೇಲೂ ಅದರ ಹಿಂದಿನ ಕೋಣೆಯಲ್ಲಿ ಹರಿದ ಪುಸ್ತಕ ಹೊಲಿಯುತ್ತ ಉಳಿದುಬಿಟ್ಟರು. ಮೈದಾ ಅಂಟಿಗೆ ಹುಳ ಬೀಳದಿರಲಿ ಎಂದು ಅಡಿಕೆಗೆ ಹೊಡೆಯುವ ಮೈಲುತುತ್ತವನ್ನೇ ಚಿಟಿಕೆ ಬೆರೆಸುತ್ತಿದ್ದರು. ಒಳಗೆ ಬಂದವರಿಗೆಲ್ಲ ಬಾಗಿಲಲ್ಲೇ ಒಂದು ಮಾತು: "ಕೈ ಒರೆಸ್ಕೊಂಡು ಮುಟ್ಟಿ. ಅದೂ ಯಾರೋ ಆಡಿದ ಮಾತು."

ನಾನು ಕಮ್ಮರಡಿಯ ಗ್ರಂಥಾಲಯದವನು. ಬೆನ್ನು ಕಳಚಿದ ಪುಸ್ತಕಗಳನ್ನು ಚೀಲದಲ್ಲಿ ತುಂಬಿ, ಬಸ್ಸಿನಲ್ಲಿ ಚೀಲ ಮರೆತರೆ ಏನು ಗತಿ ಎಂದು ದಾರಿಯುದ್ದಕ್ಕೂ ಅದನ್ನು ತಬ್ಬಿಕೊಂಡು, ಕೊಪ್ಪಕ್ಕೆ ಒಯ್ಯುತ್ತಿದ್ದೆ. ಅಕ್ಕ ಪ್ರತಿಯೊಂದನ್ನೂ ಓದಿಯೇ ಹೊಲಿಯುತ್ತಿದ್ದರು. ತಡವಾಯಿತಲ್ಲ ಎಂದರೆ, "ಓದದೆ ಹೊಲಿದ್ರೆ ಅದು ಪುಸ್ತಕ ಅಲ್ಲ ಮಾರಾಯ್ರೆ, ಗೋಣಿಚೀಲ" ಎನ್ನುವರು.

ಒಮ್ಮೆ ಮೂರು ತೆಳು ಪುಸ್ತಕ ಕೊಟ್ಟು ಬಂದೆ. ಒಂದು ಕವನ ಸಂಕಲನ, ಒಂದು ಭಜನೆ ಹಾಡುಗಳದ್ದು, ಇನ್ನೊಂದು ಎಂದೋ ಸಹಕಾರ ಸಂಘ ನಡೆಸಿದ ಅಧ್ಯಕ್ಷರೊಬ್ಬರು ಬರೆದುಕೊಂಡ ನೆನಪುಗಳು. ವಾರ ಬಿಟ್ಟು ಹೋದರೆ ಅಕ್ಕ ಒಂದೇ ಒಂದು ದಪ್ಪ ಪುಸ್ತಕ ಕೈಗಿಟ್ಟರು.

"ಇನ್ನೆರಡು ಎಲ್ಲಿ ಅಕ್ಕ?"

"ಅದರೊಳಗೇ ಇದಾವಲ್ಲ."

"ಅಯ್ಯೋ! ಒಂದೊಂದಕ್ಕೂ ಬೇರೆ ಬೇರೆ ನಂಬರು ಉಂಟು. ಬರೋ ವಾರ ತಪಾಸಣೆ!"

"ಮೂರೂ ನಂಬರು ಬೆನ್ನ ಮೇಲೆ ಬರ್ದಿದೀನಿ. ಬೆನ್ನು ಅಗಲ ಆಗಿದೆ, ನೋಡಿ."

"ನನ್ನ ಬೆನ್ನಿನ ಗತಿ ಎಂತ?"

ಅಕ್ಕ ನಕ್ಕರು. ಆಮೇಲೆ ದಾರ ಕೆಳಗಿಟ್ಟು ಹೇಳಿದರು: "ಬೇರೆ ಬೇರೆ ಇದ್ರೆ ಒಂದೊಂದೂ ಗೋಡೆ ಹತ್ರ ಮಾತಾಡಿದ ಹಾಗೆ. ಈಗ ಮೊದಲನೇದು ಕೂಗ್ತದೆ, ಎರಡನೇದು ಓಗೊಡ್ತದೆ, ಮೂರನೇದು ಕೇಳಿಸ್ಕೊಳ್ತದೆ. ಒಂದ್ಸಲ ಓದಿ. ಆಮೇಲೂ ಬೇಡ ಅಂದ್ರೆ ಕತ್ತರಿಸಿ ಕೊಡ್ತೀನಿ. ಆದ್ರೆ ಕಾಗದ ಹಳೇದು, ಇನ್ನೊಂದು ಹೊಲಿಗೆ ತಡಿಯೋದಿಲ್ಲ. ಮೂರೂ ಹೋಗ್ತಾವೆ."

ಅಂದರೆ ಇಟ್ಟುಕೊಂಡರೆ ಮೆಮೋ, ಬಿಡಿಸಿದರೆ ಪುಸ್ತಕಗಳೇ ಇಲ್ಲ.

ಬಸ್ಸಿನಲ್ಲಿ ಪುಸ್ತಕ ತೆರೆದದ್ದು ಎಲ್ಲಿ ಅಂಟು ಹತ್ತಿಲ್ಲ ಎಂದು ಹುಡುಕಲು. ಹುಡುಕುತ್ತಿದ್ದಂತೆ ಅದೇ ಓದಿಸಿಕೊಂಡುಬಿಟ್ಟಿತು. ಕವನದಲ್ಲೊಬ್ಬಳು ತಪ್ಪಿಸಿಕೊಂಡ ಕಡಸನ್ನು ಗುಡ್ಡದಲ್ಲಿ ಕೂಗಿ ಕರೆಯುತ್ತಾಳೆ, ಗುಡ್ಡ ಅದೇ ಕೂಗನ್ನು ಮರಳಿಸುತ್ತದೆ. ಕೊನೆಗೆ ಯಾರು ಯಾರನ್ನು ಕರೆಯುತ್ತಿದ್ದಾರೆಂದೇ ಅವಳಿಗೆ ತಿಳಿಯುವುದಿಲ್ಲ. ಭಜನೆಯ ಪುಸ್ತಕದಲ್ಲಿ ಪ್ರತಿ ಹಾಡಿನ ಕೆಳಗೂ ಒಂದು ಸೂಚನೆ: ಮುಂದೆ ಹಾಡುವವರು ಶ್ರುತಿ ಹಿಡಿಯಬೇಕಾದದ್ದು ತಮ್ಮ ಗಂಟಲಿಗಲ್ಲ, ಹಿಂದಿನಿಂದ ಹೇಳುವ ಮೇಳದವರ ಗಂಟಲಿಗೆ. ಆಮೇಲೆ ಅಧ್ಯಕ್ಷರು. ಸಭೆಯಲ್ಲಿ ಯಾರು ಎಷ್ಟೇ ಕೂಗಾಡಲಿ, ಆ ಮಾತನ್ನು ತಮ್ಮ ಬಾಯಲ್ಲಿ ಇನ್ನೊಮ್ಮೆ ಹೇಳಿ, ನೀನಂದದ್ದು ಇದೇ ತಾನೆ ಎಂದು ಕೇಳಿ, ಅವನು ತಲೆಯಾಡಿಸಿದ ಮೇಲೆಯೇ ತಮ್ಮ ಮಾತು ತೆಗೆಯುತ್ತಿದ್ದರಂತೆ.

ನನಗೆ ಮೈ ಜುಮ್ಮೆಂದಿತು. ಗುಡ್ಡ, ಮೇಳ, ಅಧ್ಯಕ್ಷ, ಮೂವರದೂ ಒಂದೇ ಕೆಲಸ! ಕೇಳಿದ್ದನ್ನು ಕೆಡಿಸದೆ ಹಿಂದಕ್ಕೆ ಕೊಡುವುದು! ಸಾಹಿತ್ಯ ಒಂದು ಕಪಾಟು, ಸಂಗೀತ ಇನ್ನೊಂದು, ಸಹಕಾರ ಬಾಗಿಲ ಹಿಂದೆ ಎಂದು ಇಷ್ಟು ವರ್ಷ ಇವರನ್ನು ದೂರ ದೂರ ಕೂರಿಸಿ ಬೀಗ ಹಾಕಿದವನು ನಾನೇ. ಎದ್ದು ನಿಂತು ಇಡೀ ಬಸ್ಸಿಗೆ ಹೇಳಬೇಕೆನಿಸಿತು. ಎದ್ದೂ ನಿಂತಿದ್ದೆ.

"ಎಂತ ಲೈಬ್ರರಿಯವ್ರೆ, ಈಗ ಎದ್ರಾ? ಕಮ್ಮರಡಿ ಹಿಂದೆ ಹೋಯ್ತಲ್ಲ!" ಎಂದ ಕಂಡಕ್ಟರ್.

ನಡೆದುಕೊಂಡು ವಾಪಸು ಬಂದೆ. ದಾರಿಯಲ್ಲಿ ಅರ್ಧ ಮೈಲಿ ಸಂಭ್ರಮ, ಉಳಿದರ್ಧ ಮೆಮೋ. ಮನೆಯಲ್ಲಿ ಹೆಂಡತಿ ಎಲ್ಲ ಕೇಳಿ, "ನಿಮ್ಮ ಹೆದರಿಕೆಗೂ ಒಂದು ನಂಬರು ಹಾಕಿ ಕಪಾಟಲ್ಲಿಡಿ, ಯಾರಾದ್ರೂ ಓದ್ತಾರೆ" ಎಂದಳು. ಆದರೂ ಬಿಡಿಸಬಾರದು ಎಂದು ತೀರ್ಮಾನಿಸಿದೆ. ಧೈರ್ಯದಿಂದ ಅಂದರೆ ಸುಳ್ಳಾಗುತ್ತದೆ. ಅಂಥ ಪುಸ್ತಕಕ್ಕೆ ಕತ್ತರಿ ಹಾಕಿ ಎನ್ನಲು ನಾಲಿಗೆಯೇ ಏಳಲಿಲ್ಲ.

ಅಧಿಕಾರಿ ಹೇಳಿದ ದಿನವೇ ಬಂದರು, ಮೂವತ್ತು ದಾಟದ ಹೆಣ್ಣುಮಗಳು. ನಾಲ್ಕು ಕಪಾಟು ಬಿಟ್ಟು ಸೀದಾ ಆ ಪುಸ್ತಕಕ್ಕೇ ಕೈಹಾಕಿದರು.

"ಇದ್ಯಾಕೆ ಮೂರು ನಂಬರು?"

ಮೂರು ಪುಟ ವಿವರಣೆ ಬರೆದು ಜೇಬಿನಲ್ಲಿಟ್ಟುಕೊಂಡಿದ್ದೆ. ಬೆರಳು ಜೇಬಿಗೆ ಹೋಗಲೊಲ್ಲದು. ಬಾಯಿಗೆ ಬಂದದ್ದು ಅಕ್ಕನ ಮಾತು: "ಮೊದಲನೇದು ಕೂಗ್ತದೆ ಮೇಡಂ, ಎರಡನೇದು ಓಗೊಡ್ತದೆ, ಮೂರನೇದು ಕೇಳಿಸ್ಕೊಳ್ತದೆ."

ಅವರು ನನ್ನನ್ನು ನೋಡಿದರು, ಪುಸ್ತಕ ನೋಡಿದರು, ಕುರ್ಚಿ ಎಳೆದುಕೊಂಡು ಕೂತರು. ತರಿಸಿದ ಚಹಾ ಕೆನೆಗಟ್ಟಿತು. ರಿಜಿಸ್ಟರು ತೆರೆದದ್ದು ತೆರೆದ ಹಾಗೇ ಇತ್ತು. ತುಂಬ ಹೊತ್ತಿನ ಮೇಲೆ ತಲೆಯೆತ್ತಿ, "ಇದನ್ನ ಮನೆಗೆ ಕೊಡ್ತೀರಾ?" ಎಂದರು.

"ಸದಸ್ಯರಿಗೆ ಮಾತ್ರ ಮೇಡಂ" ಎಂದುಬಿಟ್ಟೆ. ಆಡಿದ ಮೇಲೆ ನನಗೇ ಬೆವರು ಇಳಿಯಿತು. ಅವರು ನಗುತ್ತ ಅಲ್ಲೇ ಸದಸ್ಯರಾದರು.

ಮರುದಿನ ಕೊಪ್ಪಕ್ಕೆ ಓಡಿದೆ. ಅಕ್ಕ ಕೇಳಿದ್ದು ಒಂದೇ: "ಯಾವ ಭಾಗ ಮೊದಲು ಓದಿದ್ರು?"

"ನಡುವಿನದ್ದು. ಹಾಡು."

"ಹಂಗಾರೆ ಮನೇಲಿ ಹಾಡೋರಿದಾರೆ" ಎಂದು ಸೂಜಿಗೆ ದಾರ ಪೋಣಿಸಿದರು.

ಅಲ್ಲಿಂದ ಮುಂದೆ ನಾನೇ ಜೋಡಿ ಹುಡುಕಿ ಒಯ್ಯತೊಡಗಿದೆ. ಹಳೆಯ ಪುಸ್ತಕ ತೆರೆದರೆ ಇದಕ್ಕೆ ಓಗೊಡುವವರು ಎಲ್ಲಿದ್ದಾರೆಂದು ಎದೆ ಹೊಡೆದುಕೊಳ್ಳುವುದು ಶುರುವಾಯಿತು. ಅಕ್ಕ ಹೆಚ್ಚಿನವನ್ನು ತಳ್ಳಿಹಾಕುತ್ತಿದ್ದರು. "ಇವೆರಡರ ನಡುವೆ ಮಾತೇ ಇಲ್ಲ, ಬರೀ ನೆಂಟಸ್ತಿಕೆ." ಒಪ್ಪಿದ ದಿನ ಮಾತ್ರ ಪಕ್ಕದಲ್ಲಿ ಕೂರಿಸಿಕೊಂಡು ದಬ್ಬಳ ಹಿಡಿಯಲು ಬಿಡುವರು. ಐವತ್ತರ ಹತ್ತಿರ ನಾನು ಓದಲು ಕಲಿತದ್ದು ಹೀಗೆ, ಓದಿಸುವುದೇ ಕೆಲಸವಾಗಿದ್ದವನು.

ಹೋದ ವರ್ಷ ಅಕ್ಕ ಜ್ವರವೆಂದು ಎನ್.ಆರ್.ಪುರದ ತಂಗಿಯ ಮನೆಗೆ ಹೋದರು. ಅಲ್ಲೇ ತೀರಿಕೊಂಡರು. ವೈಕುಂಠ ಸಮಾರಾಧನೆ ಮುಗಿದ ವಾರವೇ ಅಂಚೆಯಲ್ಲಿ ಒಂದು ಕಟ್ಟು ಬಂತು. ಕಳಿಸಿದವರು ಅದೇ ಅಧಿಕಾರಿ, ಅವರಿಗೆ ಬೇರೆ ಜಿಲ್ಲೆಗೆ ವರ್ಗವಾಗಿತ್ತು. ಫೋನಿನಲ್ಲೇ ಮತ್ತೆ ಮತ್ತೆ ಅವಧಿ ಮುಂದೂಡಿಸಿಕೊಂಡಿದ್ದ ಪುಸ್ತಕವನ್ನು ಮರಳಿಸಿದ್ದರು. ಜೊತೆಗೆ ಅವರ ತಾಯಿ ಹಾಡುತ್ತಿದ್ದ ಗದ್ದೆ ನಾಟಿಯ ಹಾಡುಗಳ ತೆಳು ಪುಸ್ತಿಕೆ, ಯಾರದೋ ಮದುವೆಯಲ್ಲಿ ಹಂಚಲು ಅಚ್ಚು ಹಾಕಿಸಿದ್ದು. ಚೀಟಿಯಲ್ಲಿ, ಇದನ್ನೂ ಅದರೊಳಗೆ ಸೇರಿಸಲು ನಿಮ್ಮ ಬೈಂಡಿಂಗ್ ಅಕ್ಕನಿಗೆ ಹೇಳಿ ಎಂದಿತ್ತು. ಸುದ್ದಿ ಅವರಿಗೆ ಮುಟ್ಟಿರಲಿಲ್ಲ.

ಅಕ್ಕನ ತಂಗಿ ದಬ್ಬಳವನ್ನೂ ದಾರದುಂಡೆಯನ್ನೂ ನನಗೇ ಕೊಟ್ಟರು. ಹಳೆಯ ಹೊಲಿಗೆ ಮುಟ್ಟದೆ, ಬೆನ್ನಿನ ಬಟ್ಟೆಗೆ ಮಾತ್ರ ಸೇರಿಸಿ ಹೊಲಿಯಬೇಕು. ದಾರ ತುಂಡಾಗಬಹುದಿತ್ತು, ಹಳೆಯ ಕಾಗದ ಹರಿಯಬಹುದಿತ್ತು, ದಬ್ಬಳ ಬೆರಳಿಗೆ ಇಳಿಯಬಹುದಿತ್ತು. ಯಾವುದೂ ಆಗಲಿಲ್ಲ. ಅಂಟು ಒಣಗಿತು, ಬೆನ್ನು ಗಟ್ಟಿಯಾಗಿ ನಿಂತಿತು, ಅದರ ಮೇಲೆ ನಾಲ್ಕನೆಯ ನಂಬರೂ ಹಿಡಿಸಿತು. ಹೆಮ್ಮೆಯಿಂದ ತೆರೆದು ನೋಡಿದರೆ ನಾಟಿ ಹಾಡುಗಳನ್ನು ತಲೆಕೆಳಗಾಗಿ ಹೊಲಿದಿದ್ದೆ.