ದಾರ ಕಟ್ಟದ ಪಟ್ಟಿ

ಇಪ್ಪತ್ತೆರಡು ವರ್ಷಗಳಲ್ಲಿ ‘ಬಾಗಿಲ ಸಂದಿ’ ಅಂಕಣದಲ್ಲಿ ಒಂದೇ ಒಂದು ತಪ್ಪೊಪ್ಪಿಗೆ ಅಚ್ಚಾಗಿರಲಿಲ್ಲ. ಅದನ್ನು ಬರೆಯುತ್ತಿದ್ದವಳಿಗೆ ಅದೇ ಹೆಮ್ಮೆ. ಯಾವ ನಟ ಯಾರ ಜೊತೆ ಮಾತು ಬಿಟ್ಟಿದ್ದಾನೆ, ಯಾರ ಕೂದಲು ಸ್ವಂತದ್ದು, ಯಾರದು ರಾತ್ರಿ ಪೆಟ್ಟಿಗೆಯಲ್ಲಿ ಮಲಗುತ್ತದೆ, ಎಲ್ಲವೂ ಅವಳಿಗೆ ಗೊತ್ತು. ಪತ್ರಿಕೆಯ ಕಚೇರಿಯಲ್ಲಿ ಅವಳನ್ನು ದುರ್ಬೀನಕ್ಕ ಎಂದೇ ಕರೆಯುತ್ತಿದ್ದರು. ಸಿಟ್ಟಾಗುತ್ತಿರಲಿಲ್ಲ. ‘ಕಣ್ಣಿದ್ದೂ ಕುರುಡರಾಗಿರೋದಕ್ಕಿಂತ ವಾಸಿ ಬಿಡ್ರೋ’ ಎಂದು ನಗುತ್ತಿದ್ದಳು.

ಅವಳು ಆ ಕಚೇರಿಗೆ ಸೇರಿದ್ದು ಅಕ್ಷರ ತಪ್ಪು ತಿದ್ದುವವಳಾಗಿ. ಮನೆಯ ಮುಂದಿನ ಕೋಣೆಯಲ್ಲಿ ಅವಳ ಅಕ್ಕನ ಹೊಲಿಗೆ ಅಂಗಡಿ. ಅಕ್ಕ ಸಿನಿಮಾದವರಿಗೆ ಹೊಲಿಯುತ್ತಿದ್ದಳು. ಒಂದು ದಿನ ಅಳತೆಯ ಪುಸ್ತಕ ಮೇಜಿನ ಮೇಲೆ ತೆರೆದೇ ಇತ್ತು. ಆಜಾನುಬಾಹು ಎನಿಸಿಕೊಂಡ ನಾಯಕನ ಪ್ಯಾಂಟು ಅವನ ಕಾಲಿಗಿಂತ ಮೂರು ಇಂಚು ಉದ್ದ. ಆ ಮೂರು ಇಂಚು ಬೂಟಿನ ಹಿಮ್ಮಡಿಯದು. ‘ನಾಯಕರ ಎತ್ತರದಲ್ಲಿ ಚಮ್ಮಾರರ ಪಾಲೂ ಇದೆಯಂತೆ’ ಎಂದು ನಾಲ್ಕು ಸಾಲು ಬರೆದು ಸಂಪಾದಕರ ಮೇಜಿನ ಮೇಲಿಟ್ಟಳು. ಊರೆಲ್ಲ ಬಿದ್ದು ಬಿದ್ದು ನಕ್ಕಿತು. ಮುಂದಿನ ಶುಕ್ರವಾರದಿಂದ ಅಂಕಣ ಅವಳದಾಯಿತು.

ಅಕ್ಕ ಮಾತ್ರ ನಗಲಿಲ್ಲ. ಅಳತೆಯ ಪುಸ್ತಕವನ್ನು ಒಲೆಗೆ ಹಾಕಿದಳು.

‘ನನ್ನ ಮುಂದೆ ಅಂಗಿ ಬಿಚ್ಚಿ ನಿಲ್ತಾರೆ ಪುಟ್ಟಿ, ನಂಬಿಕೊಂಡು. ನನ್ನ ಅಂಗಡೀದು ಒಂದು ನೂಲೂ ನಿನ್ನ ಪೇಪರ್‌ಗೆ ಹೋಗಬಾರದು. ಆಣೆ ಮಾಡು.’

ಮಾಡಿದಳು. ಅಂದಿನಿಂದ ಅಕ್ಕ ಅಳತೆಗಳನ್ನು ಬಟ್ಟೆಯ ಪಟ್ಟಿಗಳ ಮೇಲೆ ಗುರುತು ಹಾಕಿಡತೊಡಗಿದಳು. ಒಬ್ಬೊಬ್ಬರಿಗೆ ಒಂದೊಂದು ಪಟ್ಟಿ, ಅದರ ತುದಿಗೊಂದು ಬಣ್ಣದ ದಾರ. ಯಾವ ಬಣ್ಣ ಯಾರದೆಂದು ಅಕ್ಕನಿಗೊಬ್ಬಳಿಗೇ ಗೊತ್ತು.

ಭಾವ ತೀರಿಕೊಂಡ ಮೇಲೆ ಮನೆಯಲ್ಲಿ ಉಳಿದವರು ಇಬ್ಬರೇ. ಪ್ರತಿ ಶುಕ್ರವಾರ ಬೆಳಿಗ್ಗೆ ತಂಗಿ ಅಂಕಣವನ್ನು ಗಟ್ಟಿಯಾಗಿ ಓದುವಳು, ಅಕ್ಕ ಕಾಜಾ ಹೊಲಿಯುತ್ತ ಕೇಳುವಳು. ‘ಅಯ್ಯೋ, ಆ ಮುಖ ಇಟ್ಕೊಂಡು ಹೀಗಾ!’ ಎಂದು ಹೊಟ್ಟೆ ಹಿಡಿದುಕೊಂಡು ನಗುವಳು. ಅಂಗಡಿಯ ಸುದ್ದಿ ಬೇಡ, ಹೊರಗಿನದಾದರೆ ಅಕ್ಕನಿಗೂ ಬೇಕು.

ಕಾಲ ಬದಲಾಯಿತು. ಸುದ್ದಿ ಪತ್ರಿಕೆಗೆ ಬರುವಷ್ಟರಲ್ಲಿ ಎಲ್ಲರ ಫೋನಿನಲ್ಲೂ ಹಳಸಿರುತ್ತಿತ್ತು. ಸಂಪಾದಕರು ಕರೆದು ಕೂರಿಸಿದರು.

‘ದುರ್ಬೀನಕ್ಕ, ಬೇಜಾರು ಮಾಡ್ಕೋಬೇಡಿ. ಈ ತಿಂಗಳಲ್ಲಿ ಒಂದು ದೊಡ್ಡದು ಕೊಡಿ. ಇಲ್ಲಾಂದ್ರೆ ಆ ಜಾಗಕ್ಕೆ ಪದಬಂಧ ಹಾಕ್ತೀವಿ.’

ಇಪ್ಪತ್ತೆರಡು ವರ್ಷದ ಬದುಕಿಗೆ ಬದಲಾಗಿ ಪದಬಂಧ! ಮನೆಗೆ ಬರುವ ದಾರಿಯುದ್ದಕ್ಕೂ ಅವಳ ಕಿವಿಯಲ್ಲಿ ಅದೇ ಮಾತು.

ಆ ಸಂಜೆ ಅವಳ ರವಿಕೆಯ ಗುಂಡಿ ಕಿತ್ತುಹೋಗಿತ್ತು. ಅಕ್ಕ ಹಿತ್ತಲಲ್ಲಿದ್ದಳು. ಸೂಜಿ ಹುಡುಕುತ್ತ ಹೊಲಿಗೆ ಯಂತ್ರದ ಖಾನೆ ಎಳೆದಳು. ದಾರದುಂಡೆಗಳ ಡಬ್ಬಿಯ ಕೆಳಗೆ, ನಾಲ್ಕು ಮಡಿಕೆಯಲ್ಲಿ, ಒಂದು ಬಿಳಿ ಪಟ್ಟಿ. ತುದಿಯಲ್ಲಿ ದಾರವಿರಲಿಲ್ಲ. ಕತ್ತು, ಎದೆ, ತೋಳು ಯಾವುದೂ ಇಲ್ಲ, ಬರೀ ಸೊಂಟದ ಗುರುತುಗಳು. ಹನ್ನೆರಡು. ಒಂದೊಂದರ ಪಕ್ಕದಲ್ಲೂ ಪೆನ್ಸಿಲಿನಲ್ಲಿ ತಾರೀಖು. ಮೊದಲನೆಯದು ಇಪ್ಪತ್ತೆಂಟು ಇಂಚು. ಕೊನೆಯದು ಮೂವತ್ತಮೂರು.

ಅವಳ ಕಸುಬಿನಲ್ಲಿ ಒಂದು ಸೂತ್ರವಿದೆ: ಎಲ್ಲರ ಹೆಸರಿರುವ ಕಡೆ ಒಂದು ಹೆಸರು ಮಾತ್ರ ಇಲ್ಲವೆಂದರೆ ಅದೇ ಎಲ್ಲಕ್ಕಿಂತ ದೊಡ್ಡ ಹೆಸರು. ಅಷ್ಟು ಸಣ್ಣ ಸೊಂಟ ಇನ್ಯಾರದು? ಮೂರು ತಿಂಗಳಿಂದ ಅಕ್ಕ ಬಾಗಿಲು ಹಾಕಿಕೊಂಡು ಅಳತೆ ನೋಡುತ್ತಿದ್ದದ್ದು ಒಬ್ಬಳಿಗೇ, ಈಗ ದೊಡ್ಡ ಹೆಸರು ಮಾಡಿರುವ ನಾಯಕಿಗೆ. ಮದುವೆಯಾಗಿ ವರ್ಷ ತುಂಬಿಲ್ಲ, ಓಟಗಾರ್ತಿಯ ಪಾತ್ರದ ದೊಡ್ಡ ಚಿತ್ರ ಮುಂದಿನ ತಿಂಗಳು ಶುರು. ಮುಚ್ಚಿಡದೆ ಇನ್ನೇನು ಮಾಡಿಯಾಳು!

ಒಂದು ಮಾತಿಗೆ ಎರಡು ಸಾಕ್ಷಿ, ಅದು ಅವಳ ನಿಯಮ. ನಾಯಕಿಯ ಡ್ರೈವರಿಗೆ ಫೋನ್ ಮಾಡಿದಳು. ‘ಹ್ಞೂಂ, ಮೇಡಮ್ಮು ಎರಡು ಸಲ ಆಸ್ಪತ್ರೆಗೆ ಹೋಗಿದ್ರು’ ಎಂದ. ಯಾಕೆಂದು ಅವಳು ಕೇಳಲಿಲ್ಲ. ಆಣೆ ನೆನಪಾಯಿತು. ಪದಬಂಧವೂ ನೆನಪಾಯಿತು. ನಾಯಕಿ ಬಸುರಿ ಎಂದು ಬರೆದಳು.

ಶುಕ್ರವಾರ ಅವಳು ಅಂಕಣವನ್ನು ಅಕ್ಕನಿಗೆ ಓದಿ ಹೇಳಲಿಲ್ಲ. ತಲೆನೋವೆಂದಳು. ಕಚೇರಿಯಲ್ಲಿ ಅಂದು ಅವಳಿಗೆ ಎರಡೆರಡು ಬಾರಿ ಚಹಾ ಬಂತು.

ಮಧ್ಯಾಹ್ನ ಊಟಕ್ಕೆ ಮನೆಗೆ ಬಂದಾಗ ಬಾಗಿಲಲ್ಲಿ ಕಾರು ನಿಂತಿತ್ತು. ಒಳಗೆ ನಾಯಕಿ. ಮುಖಕ್ಕೆ ಬಣ್ಣವಿಲ್ಲ, ಕೈಯಲ್ಲಿ ಪತ್ರಿಕೆ.

‘ಬನ್ನಿ ಮೇಡಂ, ನಿಮಗೇ ಕಾಯ್ತಿದ್ದೆ. ಟೈಲರಮ್ಮ, ಇವರೆದುರಿಗೇ ಅಳೀರಿ ನನ್ನ ಸೊಂಟ.’

ಅಕ್ಕ ಕೊರಳಲ್ಲಿದ್ದ ಟೇಪು ತೆಗೆದಳು. ಟೇಪು ಸುತ್ತಿ ಬಂದು ಇಪ್ಪತ್ತೇಳರಲ್ಲಿ ನಿಂತಿತು.

‘ನೋಡಿದ್ರಾ? ಬೆಳಿಗ್ಗೆ ಏಳಕ್ಕೇ ನಿರ್ಮಾಪಕರ ಫೋನು. ಬೇರೆಯವಳನ್ನ ನೋಡ್ಕೋತೀವಿ, ನೀವು ಆರಾಮಾಗಿರಿ ಅಂದ್ರು. ಆಸ್ಪತ್ರೆಗೆ ಹೋಗಿದ್ದು ಹಲ್ಲು ಕೀಳಿಸೋಕೆ. ಕಿತ್ತ ಹಲ್ಲು ಮನೇಲಿದೆ, ತಂದು ತೋರಿಸಲಾ?’

ತಂಗಿ ನಾಯಕಿಯನ್ನಲ್ಲ, ಟೇಪನ್ನೇ ನೋಡುತ್ತಿದ್ದಳು.

‘ಹಾಗಾದ್ರೆ ಆ ಪಟ್ಟಿ? ದಾರ ಇಲ್ಲದ್ದು?’

ಅಕ್ಕ ಯಂತ್ರದ ಮುಂದಿನ ಸ್ಟೂಲಿನ ಮೇಲೆ ನಿಧಾನವಾಗಿ ಕುಳಿತಳು.

‘ಖಾನೆ ತೆಗೆದ್ಯಾ ಪುಟ್ಟಿ?’

‘ಯಾರದಕ್ಕಾ ಅದು?’

‘ನಂದು.’

ಗೋಡೆಯ ಮೇಲೆ ತೂಗುಹಾಕಿದ್ದ ಪಟ್ಟಿಗಳು ಫ್ಯಾನಿನ ಗಾಳಿಗೆ ಅಲುಗುತ್ತಿದ್ದವು.

‘ಅಮ್ಮನಿಗೂ ಹೀಗೇ ಹೊಟ್ಟೆ ಊದಿ ಶುರುವಾಗಿದ್ದು, ನೀನು ಆಗ ಚಿಕ್ಕವಳು’ ಅಕ್ಕ ಹೇಳಿದಳು. ‘ಮುಂದಿನ ವಾರ ಇಳೀಬಹುದು, ಮುಂದಿನ ವಾರ ಇಳೀಬಹುದು ಅಂತ ಅಳೀತಾ ಇದ್ದೆ. ಇಳಿದಿದ್ರೆ ನಿಂಗೆ ಹೇಳೋ ಅವಶ್ಯಕತೇನೇ ಇರ್ತಿರಲಿಲ್ಲ ನೋಡು.’

ತಂಗಿ ಅವಳನ್ನು ನೋಡಿದಳು. ದಿನವೂ ಎದುರು ಕುಳಿತು ಉಂಡವಳನ್ನು ಅಂದು ಮೊದಲ ಬಾರಿಗೆ ನೋಡಿದಳು. ಕೊರಳ ಎಲುಬು ಎದ್ದು ಕಾಣುತ್ತಿತ್ತು. ಕೈಗಳು ಕಡ್ಡಿಯಾಗಿದ್ದವು. ಕೆಳಗೆ ನೆರಿಗೆ ನೆರಿಗೆಯಾಗಿ ಇಳಿಬಿದ್ದ ಸಡಿಲ ಅಂಗಿ. ತನ್ನ ಬಟ್ಟೆಯನ್ನು ತಾನೇ ಹೊಲಿದುಕೊಳ್ಳುವವಳು ಏನನ್ನು ತಾನೇ ಮುಚ್ಚಿಡಲಾರಳು? ದೀಪದ ಬುಡದಲ್ಲಿ ಕತ್ತಲೆ ಎನ್ನುವ ಮಾತನ್ನು ಅವಳು ಅಂಕಣದಲ್ಲಿ ಎಷ್ಟೋ ಸಲ, ಬೇರೆಯವರ ಮನೆಯ ಬಗ್ಗೆ, ಬರೆದಿದ್ದಳು.

ಮೊದಲು ಚೇತರಿಸಿಕೊಂಡವಳು ನಾಯಕಿ. ಪತ್ರಿಕೆಯನ್ನು ಬಟ್ಟೆಗಳ ರಾಶಿಯ ಮೇಲೆ ಎಸೆದಳು.

‘ನಿಮ್ಮ ಜೊತೆ ಜಗಳ ಆಮೇಲೆ ಆಡ್ತೀನಿ. ಏನು ಮರದ ಹಾಗೆ ನಿಂತಿದ್ದೀರಿ? ಆ ಕಡೆ ಕೈ ಹಿಡೀರಿ. ಕಾರು ಹೊರಗಿದೆ.’

ಅಂಡಾಶಯದಲ್ಲಿ ಗಡ್ಡೆ ಎಂದರು ಡಾಕ್ಟರು. ಇಷ್ಟು ದೊಡ್ಡದಾಗುವವರೆಗೆ ಮನೆಯವರು ಯಾರೂ ಗಮನಿಸಲಿಲ್ಲವೇ ಎಂದೂ ಕೇಳಿದರು. ದುರ್ಬೀನಕ್ಕ ನೆಲ ನೋಡಿದಳು. ಗುರುವಾರ ಶಸ್ತ್ರಚಿಕಿತ್ಸೆ ಎಂದು ನಿಗದಿಯಾಯಿತು.

ಬುಧವಾರ ಸಂಪಾದಕರಿಗೆ ವಿಷಯವೆಲ್ಲ ಗೊತ್ತಾಯಿತು. ಅವರ ಕಣ್ಣು ಹೊಳೆಯಿತು. ‘ತಪ್ಪೊಪ್ಪಿಗೆ ಬೇಡ ಕಣಮ್ಮ, ಇದನ್ನೇ ಬರೀರಿ. ಅಕ್ಕ, ಆ ಪಟ್ಟಿ, ಎಲ್ಲ. ಓದೋರು ಅತ್ತುಬಿಡ್ತಾರೆ. ನಿಮ್ಮ ಜಾಗ ಇನ್ನು ಹತ್ತು ವರ್ಷ ಭದ್ರ.’

‘ಅದು ಅಕ್ಕನ ಅಂಗಡೀದು ಸಾರ್’ ಎಂದಳು.

ಐದು ಸಾಲು ಬರೆದುಕೊಟ್ಟಳು. ಕಳೆದ ವಾರದ ಸುದ್ದಿ ಪೂರ್ತಿ ಸುಳ್ಳು, ಅದಕ್ಕೆ ಬರೆದವಳೇ ಹೊಣೆ, ನಾಯಕಿಯವರ ಕ್ಷಮೆ ಕೇಳುತ್ತೇನೆ, ಇದು ಈ ಅಂಕಣದ ಕೊನೆಯ ಕಂತು. ಕೆಳಗೆ ಮೊದಲ ಬಾರಿಗೆ ತನ್ನ ನಿಜವಾದ ಹೆಸರು ಹಾಕಿದಳು. ಗುರುವಾರ ಬೆಳಿಗ್ಗೆ, ಒಳಗೆ ಕರೆದೊಯ್ಯುವ ಮೊದಲು, ಅದನ್ನು ಅಕ್ಕನಿಗೆ ಓದಿದಳು.

‘ನನ್ನ ವಿಷಯ ಇಲ್ಲ ತಾನೆ?’

‘ಇಲ್ಲಕ್ಕಾ.’

‘ಚೆನ್ನಾಗಿಲ್ಲ ಬಿಡು. ನಗುವೇ ಬರಲಿಲ್ಲ’ ಎಂದಳು ಅಕ್ಕ. ಅಷ್ಟರಲ್ಲಿ ನರ್ಸು ಬಂದಳು.

ಹೊರಗಿನ ಬೆಂಚಿನ ಮೇಲೆ ಕುಳಿತು ಅವಳು ಚೀಲದಿಂದ ಆ ಪಟ್ಟಿ ತೆಗೆದಳು. ಈವರೆಗೆ ಇಂಚುಗಳನ್ನಷ್ಟೇ ಎಣಿಸಿದ್ದಳು, ಈಗ ತಾರೀಖುಗಳನ್ನು ಓದಿದಳು. ಒಂದೊಂದನ್ನೂ ಬೆರಳಲ್ಲಿ ಎಣಿಸಿ ವಾರ ನೋಡಿದಳು. ಶುಕ್ರವಾರ. ಶುಕ್ರವಾರ. ಹನ್ನೆರಡೂ ಶುಕ್ರವಾರ. ಅವಳು ಅಂಕಣ ಓದಿ ಮುಗಿಸಿ, ಅಕ್ಕನನ್ನು ನಗಿಸಿದೆನೆಂದು ಹಿಗ್ಗಿ ಕಚೇರಿಗೆ ಹೊರಟ ಹನ್ನೆರಡು ಬೆಳಗುಗಳು. ಅಕ್ಕ ಹೊಟ್ಟೆ ಹಿಡಿದುಕೊಂಡಿದ್ದಳು. ಅದನ್ನು ಅವಳು ಕಣ್ಣಾರೆ ಕಂಡಿದ್ದಳು.

ಎದುರಿನ ಬಾಗಿಲ ಸಂದಿಯಿಂದ ಬೆಳಕಿನ ಒಂದು ಗೆರೆ ಹೊರಗೆ ಬಿದ್ದಿತ್ತು. ಅವಳು ಎದ್ದು ಇಣುಕಲಿಲ್ಲ. ಪಟ್ಟಿಯನ್ನು ಮೊದಲಿದ್ದ ಹಾಗೆಯೇ ನಾಲ್ಕು ಮಡಿಕೆ ಮಾಡಿ ಮುಷ್ಟಿಯಲ್ಲಿ ಹಿಡಿದು, ಯಾರಾದರೂ ಹೊರಬಂದು ಹೇಳುವವರೆಗೆ ಕುಳಿತೇ ಇದ್ದಳು.