ಖತೀಜಾ ಬೀಗೆ ಒಪ್ಪುವ ಅತ್ತರು

ಆರು ವರ್ಷ ನಾನು ಸತ್ತವರ ಅತ್ತರು ಹಚ್ಚಿಕೊಂಡು ಊರೆಲ್ಲ ಮೆರೆದಿದ್ದೇನೆ. ಶಿವನಾಣೆ, ಗೊತ್ತಿದ್ದು ಮಾಡಿದ್ದಲ್ಲ. ಯುಗಾದಿಗೆ ಹಚ್ಚಿಕೊಂಡೆ, ನನ್ನ ತಂಗಿಯ ಮದುವೆಗೆ ಹಚ್ಚಿಕೊಂಡೆ, ಹೊಳೆದಂಡೆಯ ಗೂಗಲ್ ಊರಿನ ಅಲ್ಲಮಪ್ರಭುವಿನ ಗುಡಿಗೂ ಹಚ್ಚಿಕೊಂಡು ಹೋಗಿ ಕೈಮುಗಿದು ಬಂದೆ. ಮದುವೆಗೆ ಬಂದ ಹೆಂಗಸರು ಮೂಗರಳಿಸಿ, “ಏನ್ ಘಮಾ ಬೇ ಬಾಲವ್ವಾ!” ಅಂದಾಗ ಸೆರಗು ಸರಿಮಾಡಿಕೊಂಡು ಬೀಗಿದವಳು ನಾನೇ. ಅದು ಹೆಣಕ್ಕೆ ಹಚ್ಚಿ ಉಳಿದದ್ದೆಂದು ತಿಳಿದ ದಿನ ನನಗೆ ಅನ್ನ ಸೇರಲಿಲ್ಲ.

ಕೊಟ್ಟವಳು ನಮ್ಮ ಗೋಡೆಯಾಚೆಯ ಖತೀಜಾ ಬೀ. ನಾನು ದೇವದುರ್ಗದ ಬಸ್‌ಸ್ಟ್ಯಾಂಡಿನ ಎದುರು ಹೂ ಮಾರುತ್ತಿದ್ದವಳು, ಏಳನೆಯ ಇಯತ್ತೆ ಓದಿದ್ದೇನೆ. ಅವಳ ವಿಷಯವನ್ನು ನಾನೇ ಬರೆಯುವುದು ವಾಸಿ. ಬೇರೆಯವರ ಕೈಗೆ ಕೊಟ್ಟರೆ ಅವಳನ್ನು ಸಂತಳನ್ನಾಗಿ ಮಾಡಿಬಿಡುತ್ತಾರೆ. ಎಲ್ಲಿಯ ಸಂತಳು! ನನ್ನ ಕೋಳಿ ಅವಳ ಅಂಗಳಕ್ಕೆ ಕಾಲಿಟ್ಟರೆ ನನ್ನ ಏಳು ತಲೆಮಾರನ್ನು ಬೈಯುತ್ತಿದ್ದಳು. ಸಂಜೆಗೆ ಎಲೆ ಅಡಿಕೆಯ ತಟ್ಟೆ ಹಿಡಿದು ಏನೂ ಆಗದವಳಂತೆ ಬಂದು ನನ್ನ ಕಟ್ಟೆಯ ಮೇಲೆ ಕೂಡುತ್ತಿದ್ದಳು.

ಊರಿನ ಮುಸಲ್ಮಾನ ಹೆಂಗಸರು ತೀರಿಕೊಂಡರೆ ಮಯ್ಯತ್ತಿಗೆ, ಅಂದರೆ ಹೆಣಕ್ಕೆ, ಸ್ನಾನ ಮಾಡಿಸುವುದು ಅವಳ ಕೆಲಸ. ತಾಯಿಯಿಂದ ಬಂದದ್ದು. ಗಂಡ ಅಮೀರ್ ಸಾಬ್ ಲಾರಿ ಹಮಾಲ, ಮಗಳು ಜೈಬುನ್ನೀಸಾ ಅಂಬೆಗಾಲಿಡುವಾಗಲೇ ಹೋಗಿಬಿಟ್ಟ. ಆಮೇಲೆ ತಾಯಿಯ ಕೆಲಸವೇ ಇವಳ ಹೊಟ್ಟೆಗಾಯಿತು. ನೀರನ್ನು ಮೊದಲು ತನ್ನ ಮುಂಗೈ ಮೇಲೆ ಹಾಕಿ ನೋಡುತ್ತಿದ್ದಳಂತೆ, ಬಿಸಿ ಹೆಚ್ಚಾದರೆ ಸತ್ತವಳಿಗೆ ಚುರ್ ಅಂದೀತೆಂದು. “ಈ ಮಗ್ಗಲಿಗೆ ಹೊಳ್ಳವ್ವಾ, ಹಾಂ, ಆತು, ಇನ್ನೊಂಚೂರು” ಎಂದು ಹೆಣದ ಜೊತೆ ಮಾತಾಡುತ್ತಿದ್ದಳಂತೆ. ಕೇಳಿದಾಗ ನನಗೆ ಜೀವ ಝಲ್ಲೆಂದಿತ್ತು. ಅವಳು ಮಾತ್ರ ಎಲೆಗೆ ಸುಣ್ಣ ಹಚ್ಚುತ್ತ, “ಸುಮ್ನ ಹೆಂಗ ತೊಳೀಲಿ? ಅದೇನು ಪಾತ್ರಿ ಏನು?” ಅಂದಳು.

ಅವರಲ್ಲಿ ಒಂದು ಪದ್ಧತಿ ಇತ್ತು. ಸ್ನಾನವಾಗಿ ಕಫನ್ ಬಟ್ಟೆ ಸುತ್ತಿದ ಮೇಲೆ ಕರ್ಪೂರ, ಅತ್ತರು ಹಚ್ಚುತ್ತಾರೆ. ಸೀಸೆಯಲ್ಲಿ ಉಳಿದ ಅತ್ತರನ್ನು ಆ ಮನೆಯವರು ಇಟ್ಟುಕೊಳ್ಳುವುದಿಲ್ಲ, ಸ್ನಾನ ಮಾಡಿಸಿದವಳಿಗೆ ಕೊಟ್ಟುಬಿಡುತ್ತಾರೆ. ಹಾಗೆ ಬಂದ ಸೀಸೆಗಳು ಅವಳ ಟ್ರಂಕಿನ ತುಂಬ ಇದ್ದವು. ಜನ್ಮದಲ್ಲಿ ಅವಳು ಅತ್ತರು ಕೊಂಡವಳೇ ಅಲ್ಲ. ಕೈಗೆ ಸಿಕ್ಕಿದ್ದನ್ನು ತಾನೂ ಹಚ್ಚಿಕೊಳ್ಳುತ್ತಿದ್ದಳು, ನನಗೂ ಕೊಡುತ್ತಿದ್ದಳು.

ತುರ್ತು ಪರಿಸ್ಥಿತಿ ಮುಗಿದ ಮರುವರ್ಷ ನಮ್ಮೂರಿನ ಮುನವ್ವರ್ ಬೀ ತೀರಿಕೊಂಡಳು. ಈಕೆ ಜೈಬುನ್ನೀಸಾಳ ಅತ್ತೆ ಕುಬ್ರಾ ಬೇಗಂಳ ಒಡಹುಟ್ಟಿದ ತಂಗಿ. ಕುಬ್ರಾ ಬೇಗಂ ಇರುವುದು ಮಾನ್ವಿಯಲ್ಲಿ. ಸುದ್ದಿ ತಿಳಿದು ಆಕೆ ಬಂದಳು, ಆದರೆ ಬಸ್ಸು ತಡವಾಗಿ ಆಕೆ ಓಣಿಗೆ ಕಾಲಿಡುವುದಕ್ಕೂ ಹೆಣದ ಜನಾಜಾ ಎತ್ತುವುದಕ್ಕೂ ಸರಿಹೋಯಿತು. ಸ್ನಾನ ಮಾಡಿಸಿದವಳು ಖತೀಜಾ ಬೀ. ಹಚ್ಚಿದ್ದು ಹಿನಾ ಅತ್ತರು. ಉಳಿದ ಸೀಸೆ ಪದ್ಧತಿಯಂತೆ ಇವಳ ಟ್ರಂಕಿಗೆ ಬಂತು.

ಮುಂದಿನದನ್ನು ಹೇಳಲು ನನಗೇ ಕೋಪ ಬರುತ್ತದೆ. ಮಗಳು ಬಸುರಿ ಎಂಬ ಸುದ್ದಿ ಬಂದಾಗ ಈ ಪುಣ್ಯಾತ್ಗಿತ್ತಿ ಖುಷಿಯಲ್ಲಿ ಟ್ರಂಕು ತೆಗೆದು, ಮೇಲೆ ಕಂಡ ಸೀಸೆಯನ್ನು ಮೈಗೆ ಬಗ್ಗಿಸಿಕೊಂಡು ಮಾನ್ವಿಗೆ ಹೋದಳು. ಯಾವ ಸೀಸೆ? ಅದೇ ಹಿನಾ! ಬೀಗತಿ ಬಾಗಿಲಿಗೆ ಬಂದು ಅಪ್ಪಿಕೊಂಡಳು. ಅಪ್ಪಿಕೊಂಡವಳು ಕಿಟಾರನೆ ಕಿರುಚಿ ಹೊಸ್ತಿಲ ಮೇಲೆ ಕುಸಿದಳು. “ಮುನ್ನೀ! ಇದು ನನ್ನ ಮುನ್ನೀ ವಾಸನಿ!” ಎಂದು ಸತ್ತ ತಂಗಿಯನ್ನು ಕರೆದು ಎದೆ ಬಡಿದುಕೊಂಡಳಂತೆ. ಆಮೇಲೆ ವಿಷಯ ತಿಳಿದು, ಬಂದ ನೆಂಟರೆದುರೇ ಇವಳನ್ನು ಹೊರಗೆ ದಬ್ಬಿಸಿದಳು.

“ನಂಗ ಎಲ್ಲಿ ನೆನಪಿರ್ತದ ಬಾಲವ್ವಾ, ಯಾವ ಸೀಸೆ ಯಾರ್ದು ಅಂತ?” ಎಂದು ಖತೀಜಾ ಬೀ ಮರಳಿ ಬಂದು ನನ್ನ ಕಟ್ಟೆಯ ಮೇಲೆ ಅತ್ತಳು. ನನಗೆ ಸೀಸೆಗಳ ಮೂಲ ತಿಳಿದದ್ದೇ ಆಗ. “ನಂಗ ಕೊಟ್ಟಿದ್ದೂ ಹೆಣದ್ದೇನು?” ಎಂದು ಚೀರಿದೆ. “ಅಯ್ಯ, ಅತ್ತರಿಗೇನ್ ಗೊತ್ತು ಹೆಣ ಯಾವ್ದು ಮದಿಮಗಳು ಯಾವ್ದು ಅಂತ?” ಅಂದಳು ಕಣ್ಣೊರೆಸಿಕೊಳ್ಳುತ್ತ. ನನ್ನ ಬಾಯಿಗೆ ಬಂದ ಬೈಗುಳ ಅಲ್ಲೇ ಸಿಕ್ಕಿಕೊಂಡಿತು. ಯಾಕೆಂದರೆ ನಾನೂ ಅದೇ ಮಲ್ಲಿಗೆಯನ್ನು ಮದುವೆಗೂ ಕಟ್ಟುತ್ತಿದ್ದೆ, ಗೋರಿಗೂ ಕಟ್ಟುತ್ತಿದ್ದೆ. ನನ್ನನ್ನು ಯಾರೂ ಹೊರಗೆ ದಬ್ಬಿಲ್ಲ.

ಕೆಲವು ತಿಂಗಳ ಮೇಲೆ ಅಳಿಯ ಮಹಮ್ಮದ್ ಹುಸೇನ್ ಬಂದ. ಬಾಯಿಲ್ಲದ ಹುಡುಗ, ತಾಯಿ ಹೇಳಿದ್ದನ್ನು ನೆಲ ನೋಡುತ್ತ ಒಪ್ಪಿಸಿದ. “ಏಳು ತಿಂಗಳ ಶಾಸ್ತ್ರಕ್ಕ ಬರ್ರಿ. ಆದ್ರ ಹೆರಿಗೀಗೆ ಜೈಬೂನ್ನ ಕಳಸಂಗಿಲ್ಲ ಅಂತಾಳ ಅಮ್ಮ. ಮಯ್ಯತ್ತಿನ ವಾಸನಿ ಇರೋ ಮನ್ಯಾಗ ನಮ್ಮ ಕೂಸು ಹುಟ್ಟಬಾರ್ದಂತ. ನೀವೂ ಆ ವಾಸನಿ ತಗೊಂಡು ನಮ್ಮ ಹೊಸ್ತಿಲು ತುಳೀಬ್ಯಾಡ್ರಿ ಅಂದಾಳ.”

ಚೊಚ್ಚಲ ಹೆರಿಗೆ ತವರಲ್ಲಾಗದೆ ಇನ್ನೆಲ್ಲಿ? ನನಗೆ ಮೈಯೆಲ್ಲ ಉರಿಯಿತು. ಮಾನ್ವಿಗೆ ಹೋಗಿ ಆ ಹೆಂಗಸಿನ ಜುಟ್ಟು ಹಿಡಿಯುತ್ತೇನೆ ಅಂದೆ. ಖತೀಜಾ ಬೀ ಸೀದಾ ಒಳಗೆ ನಡೆದಳು. ಟ್ರಂಕನ್ನು ಹೊರಗೆ ಎಳೆದು ತಂದು ಒಂದೊಂದೇ ಸೀಸೆಯ ಬಿರಡೆ ಕಿತ್ತು ತಿಪ್ಪೆಗೆ ಸುರಿದಳು. ಸೀರೆಗಳನ್ನು ಸವಳುಪ್ಪು ಹಾಕಿ ಕುದಿಸಿದಳು. ಗೋಡೆಗೆ ಸುಣ್ಣ ಬಳಿದಳು. ಮುಂದಿನ ಸಂತೆಯ ತನಕ ನಮ್ಮ ಓಣಿಯ ಆಡುಗಳೂ ಘಮ್ಮೆನ್ನುತ್ತ ತಿರುಗಿದವು. ಆಮೇಲೆ ನನ್ನ ಕಡೆ ತಿರುಗಿ, “ರಾಯಚೂರಿಗೆ ಬಾ ನನ್ನ ಜೋಡಿ. ನಂಗ ಒಪ್ಪೋ ಹೊಸಾ ಅತ್ತರು ತಗೋಬೇಕು. ಅದನ್ನ ಹಚ್ಕೊಂಡು ಹೋಗಿ ಮಗಳನ್ನ ಕರ್ಕೊಂಡು ಬರ್ತೀನಿ” ಅಂದಳು.

ಶಾಸ್ತ್ರದ ದಿನ ಬೆಳಗಿನ ಬಸ್ಸಿಗೇ ಹೊರಟೆವು. ರಾಯಚೂರಿನಲ್ಲಿ ಅತ್ತರು ಕೊಂಡು ಅಲ್ಲಿಂದಲೇ ಮಾನ್ವಿಯ ಬಸ್ಸು ಹಿಡಿಯುವುದೆಂದು ಮಾತು. ತೀನ್ ಕಂದೀಲ್ ಚೌಕದ ಹತ್ತಿರ ಗುಲಾಮ್ ದಸ್ತಗೀರ್ ಎಂಬ ಮುದುಕನ ಅಂಗಡಿ ಇತ್ತು. ನಾಲ್ಕು ಜನ ಕೂತರೆ ಐದನೆಯವನು ನಿಲ್ಲಬೇಕು, ಅಷ್ಟು ಸಣ್ಣದು. ನಮ್ಮ ಪಕ್ಕದಲ್ಲಿ ಒಬ್ಬ ಮದುಮಗ ತನ್ನ ಗೆಳೆಯನ ಜೊತೆ ಕೂತಿದ್ದ.

ಮುದುಕ ಗುಲಾಬಿಯ ಅತ್ತರನ್ನು ಇವಳ ಮುಂಗೈಗೆ ತೀಡಿದ. ಇವಳು ಮೂಸಿ, “ಸತ್ತಾರ್ ಸಾಬರ ತಾಯಿ. ಮಳಿಗಾಲದಾಗ ಹೋದ್ಲು” ಅಂದಳು.

ಮುದುಕನಿಗೆ ಅರ್ಥವಾಗಲಿಲ್ಲ, ನನಗಾಯಿತು: ಯಾವ ಸೀಸೆ ಯಾರದೆಂದು ನೆನಪಿಲ್ಲ ಅಂದಿದ್ದವಳಿಗೆ ಮಾನ್ವಿಯ ಆ ಕಿರುಚಾಟದ ಮೇಲೆ ಒಂದೊಂದು ವಾಸನೆಗೂ ಒಂದೊಂದು ಹೆಣ ನೆನಪಾಗುತ್ತಿತ್ತು. ಲಾವಂಚದ್ದನ್ನು ತೀಡಿದ.

“ಇದು ಪಿಂಜಾರ ಮುದುಕೀದು. ಹಗೂರಿದ್ಲು ಪಾಪ, ಎತ್ತಿದ್ರ ಹತ್ತಿ ಇದ್ದಂಗ.”

ಮದುಮಗ ಕೈಯಲ್ಲಿದ್ದ ಸೀಸೆಯನ್ನು ಮೆಲ್ಲನೆ ಕೆಳಗಿಟ್ಟ. ನಾನು ಇವಳ ತೊಡೆ ಚಿವುಟಿದೆ. ಕೇದಿಗೆಯದಕ್ಕೆ ಮಾತ್ರ ಯಾರ ಹೆಸರೂ ಬರಲಿಲ್ಲ. “ಛೀ, ಬಿರ್ಯಾನಿ ಹಂಡೆ ಹೊತ್ಕೊಂಡು ಹೋದಂಗ ಆಗ್ತದ” ಅಂದಳು. ಪರದೇಶದ ಸೆಂಟಿನ ಬಾಟಲಿ ತೋರಿಸಿದರೆ, ಅದರಲ್ಲಿ ಸ್ಪಿರಿಟ್ ಇರುತ್ತದೆ, ನಮಾಜಿಗೆ ಬಾರದು ಎಂದು ಮುಟ್ಟಲೇ ಇಲ್ಲ.

ಆಮೇಲೆ ಮೋತಿಯಾ, ಅಂದರೆ ಮಲ್ಲಿಗೆಯದು. ಅದು ಕೈಗೆ ತಾಕಿದ್ದೇ ತಡ, ಖತೀಜಾ ಬೀ ಕೆಂಡ ಬಿದ್ದವಳಂತೆ ಕೈ ಎಳೆದುಕೊಂಡು ಸೆರಗಿನಲ್ಲಿ ತಿಕ್ಕತೊಡಗಿದಳು. “ಬ್ಯಾಡ, ಬ್ಯಾಡ! ಇದು ಚೊಚ್ಚಲ ಹೆರಿಗಿಯಾಗ ಹೋದ ಹುಡುಗೀದು. ಕೂಸೂ ಮಗ್ಗಲಾಗ ಇತ್ತು. ಇಬ್ರಿಗೂ ನಾನಾ ನೀರು ಹಾಕೀನಿ.”

ಮದುಮಗ ಎದ್ದವನೇ ಚಪ್ಪಲಿ ಮೆಟ್ಟಿಕೊಂಡು ನಡೆದುಬಿಟ್ಟ. ಗೆಳೆಯ ಅವನ ಹಿಂದೆ ಓಡಿದ. ಗುಲಾಮ್ ದಸ್ತಗೀರ್ ತಲೆ ಮೇಲೆ ಕೈ ಇಟ್ಟುಕೊಂಡು, “ಯವ್ವಾ, ನಿನ್ನ ಕಾಲು ಬೀಳ್ತೀನಿ, ಮೆಲ್ಲಗ ಮಾತಾಡು! ಇದು ಅಂಗಡಿ ಅದ, ಖಬರಸ್ತಾನ ಅಲ್ಲ!” ಅಂದ. ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಇವಳು ಮಾತ್ರ ಕೈಯನ್ನು ಸೆರಗಿನಲ್ಲಿ ತಿಕ್ಕುತ್ತಲೇ ಇದ್ದಳು.

ಕೊನೆಗೆ ಮುದುಕ ಹಿಂದಿನ ಗೂಡಿನಿಂದ ಸಂಪಿಗೆಯ ಅತ್ತರು ತೆಗೆದ. ಇವಳು ಮೂಸಿದಳು. ನಾನೂ ಮುದುಕನೂ ಉಸಿರು ಬಿಗಿಹಿಡಿದೆವು. “ಯಾರೂ ಇಲ್ಲ” ಅಂದಳು. ಮತ್ತೊಮ್ಮೆ ಮೂಸಿ, “ಯಾರೂ ಇಲ್ಲ ಬಾಲವ್ವಾ!” ಅಂದಳು. ಮುದುಕ ಅಲ್ಲಾನಿಗೆ ಶುಕ್ರಿಯಾ ಹೇಳಿದ. “ಈಗ್ಲೇ ತಗೋಬ್ಯಾಡ್ರಿ. ಅತ್ತರು ಸೀಸೆಯಾಗ ಒಂದು ನಮೂನಿ, ಮೈಮ್ಯಾಲ ಒಂದು ನಮೂನಿ. ಬಿಸಲಾಗ ಒಂದೀಟು ತಿರಗಾಡಿ ಬರ್ರಿ, ಮೈ ಒಪ್ತದೋ ಇಲ್ಲೋ ಗೊತ್ತಾಗ್ತದ” ಅಂದ.

ಬಜಾರದಲ್ಲಿ ಸುತ್ತಾಡಿ ಒಂದು ಬೇವಿನ ಮರದ ಕೆಳಗೆ ಕೂತೆವು. “ಆ ಹುಡುಗಿಗೆ ನಮ್ಮ ಜೈಬೂನ ವಯಸ್ಸಾ ಇತ್ತು,” ಅಂದಳು ಖತೀಜಾ ಬೀ. “ಅತ್ತೀ ಮನ್ಯಾಗ ಹೆರಿಗಿ. ನೋವು ಬಂದದ್ದನ್ನ ನಾಚಿಕಿಗೆ ಹೇಳಲೇ ಇಲ್ಲಂತ. ತಾಯಿ ಹತ್ರ ಇದ್ರ ಹೇಳ್ತಿದ್ಲೋ ಏನೋ. ನನ್ನ ಮಗಳಿಗೂ ನಾನಾ ನೀರು ಹಾಕೋ ಹೊತ್ತು ಬಂದ್ರ ಏನ್ ಮಾಡ್ಲಿ?” ಹೆಣಗಳ ಜೊತೆ ಹರಟೆ ಹೊಡೆಯುವ ಹೆಂಗಸಿಗೆ ಇಂಥ ಹೆದರಿಕೆ ಇದ್ದೀತೆಂದು ನಾನು ಕನಸಿನಲ್ಲೂ ಎಣಿಸಿರಲಿಲ್ಲ. ಅವಳ ಮುಂಗೈಯನ್ನು ಮೂಗಿಗೆ ಹಿಡಿದೆ. ಸಂಪಿಗೆಯ ಘಾಟು ಇಳಿದು, ಹೂವನ್ನು ಮಡಿಲಲ್ಲಿ ಕಟ್ಟಿಕೊಂಡಷ್ಟು ಹಿತವಾಗಿತ್ತು. “ಒಪ್ಪೇತಿ ತಗೋ” ಅಂದೆ. ಕೊಂಡೆವು.

ಮಾನ್ವಿ ತಲುಪಿದಾಗ ಮಧ್ಯಾಹ್ನ ಇಳಿದಿತ್ತು. ಅಂಗಳದ ತುಂಬ ಹೆಂಗಸರು. ಜೈಬುನ್ನೀಸಾ ಹಸಿರು ಬಳೆ ತೊಟ್ಟು ನಡುವೆ ಕೂತಿದ್ದಳು. ತಾಯಿಯನ್ನು ಕಂಡು ಏಳಹೋದವಳು ಅತ್ತೆಯ ಮುಖ ನೋಡಿ ಅಲ್ಲೇ ಕೂತಳು. ಖತೀಜಾ ಬೀ ಹೊಸ್ತಿಲ ಹೊರಗೇ ನಿಂತು ತನ್ನೆರಡೂ ಕೈಗಳನ್ನು ಮುಂದೆ ಚಾಚಿದಳು. “ನೋಡ್ರಿ ಬೀಗತೇರಾ. ಹೊಸಾದು. ಇವತ್ತಾ ತಗೊಂಡೀನಿ. ಇದರಾಗ ಯಾರ ಮಯ್ಯತ್ತೂ ಇಲ್ರೀ” ಅಂದಳು.

ಕುಬ್ರಾ ಬೇಗಂ ಎದ್ದು ಬಂದು ಬಗ್ಗಿ ಮೂಸಿದಳು. ಒಂದು ಕೈ, ಆಮೇಲೆ ಇನ್ನೊಂದು ಕೈ, ಆಮೇಲೆ ಸೆರಗು, ಭುಜ. ಎಷ್ಟು ಹೊತ್ತು ಮೂಸುತ್ತಾಳೆ ಈ ಹೆಂಗಸು ಎಂದು ನನಗೆ ಸಿಟ್ಟು ಬಂತು. ಕೊನೆಗೆ ತಲೆಯೆತ್ತಿ, “ಹಿನಾ ಎಲ್ಲಿ?” ಅಂದಳು.

“ಎಲ್ಲಾ ತಿಪ್ಪಿಗೆ ಚೆಲ್ಲೀನ್ರೀ.”

“ಚೆಲ್ಲಿದ್ಯಾ? ಯಾರು ಚೆಲ್ಲಂದ್ರು ನಿಂಗ?” ಕುಬ್ರಾ ಬೇಗಂಳ ದನಿ ಒಡೆಯಿತು.

ನನಗೆ ತಡೆಯಲಾಗಲಿಲ್ಲ. “ನೀವಾ ಹೇಳಿ ಕಳಿಸಿ, ಈಗ ನೀವಾ ಕೇಳ್ತೀರೇನ್ರೀ? ಏನ್ ಹೆಂಗಸ್ರಿ ನೀವು!” ಎಂದು ಕೂಗಿಬಿಟ್ಟೆ.

ಆಕೆ ನನ್ನ ಕಡೆ ನೋಡಲೇ ಇಲ್ಲ. ಖತೀಜಾ ಬೀಗೆ ಹೇಳತೊಡಗಿದಳು: “ಬೈದೆ, ಹೌದು. ಹೆದರಿ ಬೈದೆ. ಬಸ್ಸು ತಡಾ ಆಗಿ ನಂಗ ಮುನ್ನೀ ಮಾರಿ ಸಿಗಲಿಲ್ಲ. ಜನಾಜಾ ನನ್ನ ಮುಂದ ಹಾದು ಹೋತು, ಬರೇ ಆ ವಾಸನಿ ಸಿಕ್ತು. ಅವತ್ತ ನಿನ್ನ ಅಪ್ಕೊಂಡ ಸೀರಿ ಇನ್ನೂ ಒಗಿಯಾಕ ಹಾಕಿಲ್ಲ. ದಿನಾ ಮೂಸಿ ನೋಡಿದೆ. ಈಗ ಅದರಾಗ ಏನೂ ಉಳಿದಿಲ್ಲ.”

ಅಯ್ಯೋ ದೇವರೇ! ಎಷ್ಟು ಬೈದಿದ್ದೆ ನಾನು ಈಕೆಯನ್ನು.

“ಕೊನಿಗೆ ಹೆಂಗಿದ್ಲು?” ಎಂದು ಕೇಳಿದಳು ಕುಬ್ರಾ ಬೇಗಂ.

“ಮಲಗಿದಂಗ ಇದ್ಲು,” ಅಂದಳು ಖತೀಜಾ ಬೀ. “ನೀರು ಹಾಕೂವಾಗ ಮಾತಾಡ್ಸಿದೆ. ನಿಮ್ಮಕ್ಕ ಬರಾಕತ್ತಾಳವ್ವಾ, ದಾರ್ಯಾಗ ಅದಾಳ, ಗಾಬರಿ ಆಗಬ್ಯಾಡ ಅಂದೆ.”

ಅದನ್ನು ಕೇಳಿ ಅಂಗಳದಲ್ಲಿದ್ದ ಯಾರ ಕಣ್ಣೂ ಒಣಗಿ ಉಳಿಯಲಿಲ್ಲ. ಕುಬ್ರಾ ಬೇಗಂ ಬಿಕ್ಕುತ್ತ ಇವಳ ಎರಡೂ ಕೈ ಹಿಡಿದು ಹೊಸ್ತಿಲೊಳಗೆ ಎಳೆದುಕೊಂಡಳು. ಸೊಸೆಯ ಎದುರು ಕೂರಿಸಿ, “ಜೈಬೂ, ನಿನ್ನ ಬಟ್ಟಿ ಕಟ್ಕೋ. ಅಮ್ಮನ ಜೋಡಿ ಹೋಗು” ಅಂದಳು. ಆಮೇಲೆ ಖತೀಜಾ ಬೀ ಕಡೆ ತಿರುಗಿದಳು. “ನನ್ನ ತಂಗಿಗೆ ಕೊನೀ ನೀರು ಹಾಕಿದ ಕೈ ಇವು. ಕೂಸಿಗೆ ಮೊದಲ್ನೇ ನೀರೂ ನೀನಾ ಹಾಕು.”

ಖತೀಜಾ ಬೀ ತನ್ನ ಕೈಗಳನ್ನೇ ತಿರುಗಿಸಿ ತಿರುಗಿಸಿ ನೋಡಿಕೊಂಡಳು. ಹೆಣ ತೊಳೆಯುವ ಕೈಯೆಂದು ಊರಿನಲ್ಲಿ ಯಾವ ಬಾಣಂತಿಯ ಮನೆಯವರೂ ಅವಳನ್ನು ಕೂಸು ಮುಟ್ಟಲು ಬಿಟ್ಟಿರಲಿಲ್ಲ.